ಮೀಟರ್ ಹಸಿರಾಗಿತ್ತು, ವೆಡ್ಜ್ ಸತ್ತಿತ್ತು

ಕಳೆದ ಏಪ್ರಿಲ್‌ನಲ್ಲಿ ದಾವಣಗೆರೆಯ ಕಾಲೇಜೊಂದರ ಉತ್ಸವದ ಕೊನೆಯ ರಾತ್ರಿ, ಬೆಂಗಳೂರಿನಿಂದ ಬಂದಿದ್ದ ಆಲ್ಟರ್ನೇಟಿವ್ ರಾಕ್ ತಂಡದ ಗಾಯಕಿ ಮೂರನೆಯ ಹಾಡಿನ ನಡುವೆ ನನ್ನತ್ತ ತಿರುಗಿ ಕಿವಿ ಮುಟ್ಟಿ ಬೆರಳು ಮೇಲೆತ್ತಿದ್ದು ನೆನಪಾದಾಗಲೆಲ್ಲ ಇಂದಿಗೂ ಸಂಕಟವಾಗುತ್ತದೆ. ಹಾಡುವವರಿಗೆ ತಮ್ಮದೇ ದನಿ ಕೇಳಿಸಲೆಂದು ವೇದಿಕೆಯ ಮೇಲೆ ಅವರೆದುರು ಇಡುವ ಮಾನಿಟರ್ ಸ್ಪೀಕರ್‌ಗೆ ವೆಡ್ಜ್ ಎನ್ನುತ್ತೇವೆ. ಅವುಗಳ ಸದ್ದನ್ನು ನಿಯಂತ್ರಿಸುವ ಮಾನಿಟರ್ ಡೆಸ್ಕ್‌ನಲ್ಲಿ ನಾನಿದ್ದೆ, ಗಾಯಕಿಯಿಂದ ಹತ್ತು ಹೆಜ್ಜೆಯಷ್ಟೇ ದೂರ. ಅವರ ವೆಡ್ಜ್‌ಗೆ ಸದ್ದು ಕಳುಹಿಸುವ ಆಕ್ಸ್ 1ರ ಮೀಟರ್ ಹಸಿರಾಗಿ ಕುಣಿಯುತ್ತಿತ್ತು. ಅವರಿಗೆ ಕಳುಹಿಸುತ್ತಿರುವುದನ್ನು ನಾನೂ ಕೇಳಲೆಂದು ಪಕ್ಕದಲ್ಲಿಟ್ಟಿದ್ದ ಕ್ಯೂ ವೆಡ್ಜ್‌ನಲ್ಲಿ ಅವರ ದನಿ ಸ್ಪಷ್ಟವಾಗಿತ್ತು. ಜನರ ಕೂಗಿಗೆ ಇನ್ನಷ್ಟು ಸದ್ದು ಬೇಕೆನ್ನುತ್ತಿದ್ದಾರೆ ಎಂದುಕೊಂಡು 3 ಡಿಬಿ (ಡೆಸಿಬೆಲ್) ಏರಿಸಿದೆ. ಅವರು ಮತ್ತೆ ಕೈ ಎತ್ತಿದರು. ಮತ್ತೆ ಏರಿಸಿದೆ. ಹೀಗೆ ಒಟ್ಟು 12 ಡಿಬಿ.

ನನ್ನ ಕ್ಯೂ ವೆಡ್ಜ್‌ಗೆ ಬೇರೆಯೇ ಆಂಪ್ (ಸ್ಪೀಕರ್ ನಡೆಸುವ ಆಂಪ್ಲಿಫೈಯರ್) ಇತ್ತು ಎಂಬುದು ನನಗೆ ಗೊತ್ತಿಲ್ಲದ ವಿಷಯವಲ್ಲ, ಮಧ್ಯಾಹ್ನ ಅದನ್ನು ಕೇಬಲ್ ಹಾಕಿ ಜೋಡಿಸಿದವನೇ ನಾನು. ಆದರೂ ಆ ಗಳಿಗೆಯಲ್ಲಿ, ನನಗೆ ಕೇಳುತ್ತಿರುವುದೇ ಅವರಿಗೂ ಕೇಳುತ್ತಿದೆ ಎಂದು ನಂಬಿದೆ. ಅವರ ಮುಂದಿದ್ದ ಎರಡು ವೆಡ್ಜ್‌ಗಳ ಆಂಪ್ ಕಾದು ಪ್ರೊಟೆಕ್ಟ್‌ಗೆ ಹೋಗಿತ್ತು, ಅಂದರೆ ಸುಟ್ಟುಹೋಗದಿರಲೆಂದು ತಾನಾಗಿ ಸದ್ದು ನಿಲ್ಲಿಸಿತ್ತು. ಆಂಪ್‌ಗಳನ್ನಿಟ್ಟ ರ‍್ಯಾಕ್ ಅಂದವಾಗಿ ಕಾಣಲಿ ಎಂದು ಶಾಮಿಯಾನದ ಹುಡುಗರು ಅದರ ಸುತ್ತ ಬಟ್ಟೆ ಕಟ್ಟಿದ್ದರು, ಅದಕ್ಕೆ ಒಪ್ಪಿದವನೂ ನಾನೇ. ದಿನವಿಡೀ ಬಿಸಿಲು ಹೀರಿದ ವೇದಿಕೆಯಲ್ಲಿ ಫ್ಯಾನ್‌ಗೆ ಗಾಳಿ ಸಿಗಲಿಲ್ಲ.

ಅಷ್ಟು ಹೊತ್ತು ಗಾಯಕಿಗೆ ಕೇಳಿಸಿದ್ದೇನು ಎಂಬುದನ್ನು ಆಮೇಲೆ ಲೆಕ್ಕ ಹಾಕಿದೆ. ಮುಖ್ಯ ಸ್ಪೀಕರ್‌ಗಳು ಜನರತ್ತ ಮುಖ ಮಾಡಿರುವುದರಿಂದ ಹಿಂದಕ್ಕೆ ಸೋರುವುದು ಬಹುತೇಕ ಬೇಸ್ ಮಾತ್ರ. ದನಿಯ ಸ್ಪಷ್ಟ ಭಾಗ ಎದುರಿನ ಕಾಲೇಜು ಕಟ್ಟಡಕ್ಕೆ ಬಡಿದು ಮರಳಬೇಕು. ಕಟ್ಟಡ 50 ಮೀಟರ್ ದೂರವಿದ್ದರೆ ಹೋಗಿಬರುವ ದಾರಿ 100 ಮೀಟರ್. ಸದ್ದು ಸೆಕೆಂಡಿಗೆ ಸುಮಾರು 350 ಮೀಟರ್ ಸಾಗುತ್ತದೆ ಎಂದರೂ 0.3 ಸೆಕೆಂಡ್ ತಡ. ನಿಮಿಷಕ್ಕೆ 120 ಬೀಟಿನ ಹಾಡಿನಲ್ಲಿ ಅದು ಅರ್ಧ ಬೀಟಿಗಿಂತ ಹೆಚ್ಚು. ತಮ್ಮದೇ ದನಿ ಹೀಗೆ ಹಿಂದುಳಿದು ಬಂದು ಎಳೆಯುತ್ತಿದ್ದರೂ ಶ್ರುತಿ ಬಿಡದೆ ಅವರು ಎರಡು ಹಾಡು ಮುಗಿಸಿದರು.

ಐದನೆಯ ಹಾಡಿನ ಆರಂಭದಲ್ಲಿ ಗಿಟಾರ್ ವಾದಕ ತನ್ನ ವೆಡ್ಜ್ ಅನ್ನು ಕಾಲಿನಿಂದ ಅವರತ್ತ ತಿರುಗಿಸಿದಾಗಷ್ಟೇ ನನಗೆ ವಿಷಯ ಹೊಳೆಯಿತು. ನಾನು ಎದ್ದು ರ‍್ಯಾಕ್‌ನತ್ತ ಓಡಿ ಬಟ್ಟೆ ಕಿತ್ತೆ. ಆಂಪ್ ತಣಿದು ತಾನಾಗಿ ಚಾಲೂ ಆಯಿತು; ಆದರೆ ಏರಿಸಿದ್ದ ಆ 12 ಡಿಬಿಯನ್ನು ನಾನು ಇಳಿಸಿರಲಿಲ್ಲ. ವೆಡ್ಜ್‌ನ ಸದ್ದು ಮತ್ತೆ ಮೈಕ್‌ಗೆ ಹೊಕ್ಕು ಮೈದಾನವೆಲ್ಲ ಕಿವಿ ಮುಚ್ಚಿಕೊಳ್ಳುವಂತಹ ಹೌಲ್ ಎದ್ದಿತು. ಡೆಸ್ಕ್‌ಗೆ ಮರಳಿ ಮ್ಯೂಟ್ ಒತ್ತುವವರೆಗಿನ ನಾಲ್ಕೈದು ಸೆಕೆಂಡ್ ನನ್ನ ವೃತ್ತಿಯಲ್ಲೇ ಅತಿ ದೀರ್ಘವಾದವು.

1997ರ ಜೂನ್ 28ರಂದು ಇಂಗ್ಲೆಂಡಿನ ಗ್ಲಾಸ್ಟನ್‌ಬರಿ ಉತ್ಸವದ ಪಿರಮಿಡ್ ವೇದಿಕೆಯಲ್ಲಿ ರೇಡಿಯೋಹೆಡ್ ತಂಡ ರಾತ್ರಿಯ ಮುಖ್ಯ ಕಾರ್ಯಕ್ರಮ ಕೊಡುತ್ತಿದ್ದಾಗಲೂ ಮಾನಿಟರ್‌ಗಳು ಕೈಕೊಟ್ಟಿದ್ದವು. ಬೆಳಕು ಕಣ್ಣಿಗೆ ರಾಚಿ ಏನೂ ಕಾಣದೆ, ಏನೂ ಕೇಳಿಸದೆ ಗಾಯಕ ಥಾಮ್ ಯಾರ್ಕ್ ವೇದಿಕೆ ಬಿಟ್ಟು ಹೊರಡುವುದರಲ್ಲಿದ್ದರು. ಗಿಟಾರ್ ವಾದಕ ಎಡ್ ಓಬ್ರಯನ್ ತಡೆದರು. ದೀಪಗಳನ್ನು ಜನರತ್ತ ತಿರುಗಿಸುವಂತೆ ಕೇಳಿದ ಯಾರ್ಕ್, ಆ ಮುಖಗಳನ್ನು ನೋಡಿ ಹಾಡು ಮುಂದುವರಿಸಿದರು. ಆ ಉತ್ಸವದ ಶ್ರೇಷ್ಠ ಕಾರ್ಯಕ್ರಮಗಳಲ್ಲಿ ಒಂದೆಂದು ಅದನ್ನು ಈಗಲೂ ಎಣಿಸುತ್ತಾರೆ. ಕೇಳುವವರು ಹಾಗೆ ಎಣಿಸಲಿ. ನನಗೆ ಆ ರಾತ್ರಿಯ ಮಾನಿಟರ್ ಇಂಜಿನಿಯರನದೇ ಯೋಚನೆ.

ಸ್ಪೇರ್ ಆಂಪ್ ಇದ್ದಿದ್ದರೆ ಎರಡು ನಿಮಿಷದ ಕೆಲಸವಾಗಿತ್ತು. ಅದನ್ನು ಮಾಲೀಕರು ಅದೇ ರಾತ್ರಿ ಹರಿಹರದ ಮದುವೆಯೊಂದಕ್ಕೆ ಕಳುಹಿಸಿದ್ದರು. ಒಂದೇ ರಾತ್ರಿ ಎರಡು ಕೆಲಸ ಒಪ್ಪಿಕೊಳ್ಳುವ ಈ ಪದ್ಧತಿಯ ಬಗ್ಗೆ ಹಲವು ಸಲ ಹೇಳಿ ಸೋತಿದ್ದೇನೆ. ಈಗ ಯಾರಾದರೂ ಕೈ ಎತ್ತಿದರೆ ಸದ್ದು ಏರಿಸಿ ಇಳಿಸುವ ಫೇಡರ್ ಮುಟ್ಟುವ ಮೊದಲು ಅವರ ವೆಡ್ಜ್‌ನ ಮುಂದೆ ಹೋಗಿ ಬಗ್ಗಿ ಕೇಳುತ್ತೇನೆ, ರ‍್ಯಾಕ್‌ಗೆ ಬಟ್ಟೆ ಕಟ್ಟಲು ಬಿಡುವುದಿಲ್ಲ.

ಕೇಬಲ್ ಸುತ್ತುತ್ತಿದ್ದಾಗ ಗಾಯಕಿ ಬಳಿಗೆ ಬಂದರು. ಬೈಯುತ್ತಾರೆ ಎಂದುಕೊಂಡಿದ್ದೆ. "ನಾನು ಹಾಡಿದ್ದು ನಿಮಗಾದರೂ ಕೇಳಿಸುತ್ತಿತ್ತೇ?" ಎಂದಷ್ಟೇ ಕೇಳಿದರು. ಕೇಳಿಸುತ್ತಿತ್ತು ಎಂದು ಒಪ್ಪಿಕೊಂಡೆ.