ವರ್ಗ ಮಾಡಿದರೆ ಕಿಲೋ ಕೂಡ ವರ್ಗ: ಪಹಣಿಯಿಂದ ಹೆಕ್ಟೇರಿಗೆ

ಒಂದು ಕಿಲೋಮೀಟರಿಗೆ ಸಾವಿರ ಮೀಟರ್. ಅದೇ ಗುಂಗಿನಲ್ಲಿ ಚದರ ಕಿಲೋಮೀಟರಿಗೂ ಸಾವಿರ ಚದರ ಮೀಟರ್ ಎಂದು ಹಾಕಿದರೆ ಲೆಕ್ಕ ಸಾವಿರ ಪಟ್ಟು ತಪ್ಪುತ್ತದೆ. ವರ್ಗ ಮಾಡುವಾಗ ಮೀಟರಿನ ಜೊತೆ ಅದರ ಮುಂದಿರುವ ‘ಕಿಲೋ’ ಕೂಡ ವರ್ಗವಾಗುತ್ತದೆ. ಉದ್ದ ಸಾವಿರ, ಅಗಲ ಸಾವಿರ, ಗುಣಿಸಿದರೆ 10,00,000 ಚದರ ಮೀಟರ್. ಸೆಂಟಿ, ಮಿಲಿಗೂ ಇದೇ ನಿಯಮ: ಒಂದು ಚದರ ಮೀಟರಿಗೆ 10,000 ಚದರ ಸೆಂಟಿಮೀಟರ್, 10,00,000 ಚದರ ಮಿಲಿಮೀಟರ್. ಉದ್ದದಲ್ಲಿ ಇರುವುದಕ್ಕಿಂತ ಎರಡರಷ್ಟು ಸೊನ್ನೆ.

ಹೆಕ್ಟೇರ್ ಬಂದದ್ದು ಬೇರೆ ದಾರಿಯಲ್ಲಿ. ಅದರ ಮೂಲ ‘ಆರ್’, ಫ್ರಾನ್ಸ್ 1795ರಲ್ಲಿ ಜಾರಿಗೆ ತಂದ ಅಳತೆ: 10 ಮೀಟರ್ ಉದ್ದ, 10 ಮೀಟರ್ ಅಗಲ, ಒಟ್ಟು 100 ಚದರ ಮೀಟರ್. ಆರ್ ತಾನೇ ವಿಸ್ತೀರ್ಣದ ಅಳತೆಯಾದ್ದರಿಂದ ‘ಹೆಕ್ಟೋ’ ಇಲ್ಲಿ ವರ್ಗವಾಗುವುದಿಲ್ಲ, ನೂರರಿಂದ ಒಂದೇ ಸಲ ಗುಣಿಸುತ್ತದೆ. ಹಾಗಾಗಿ ಹೆಕ್ಟೇರ್ ಎಂದರೆ 100 ಆರ್, 10,000 ಚದರ ಮೀಟರ್. ಚದರ ಮೀಟರ್, ಆರ್, ಹೆಕ್ಟೇರ್, ಚದರ ಕಿಲೋಮೀಟರ್: ಒಂದೊಂದು ಮೆಟ್ಟಿಲಿಗೂ ನೂರು ಪಟ್ಟು. ಚಿಕ್ಕಮಗಳೂರು ಜಿಲ್ಲೆಯ 7,201 ಚದರ ಕಿಲೋಮೀಟರಿಗೆ ಎರಡು ಸೊನ್ನೆ ಸೇರಿಸಿ, 7,20,100 ಹೆಕ್ಟೇರ್ ಆಯಿತು.

ನಮ್ಮ ಕಡೆ ಹೆಚ್ಚು ಎಡವುವುದು ಪಹಣಿಯಲ್ಲಿ. ವಿಸ್ತೀರ್ಣದ ಕಾಲಂನಲ್ಲಿ 2.10 ಎಂದಿದ್ದರೆ ಅದು 2 ಎಕರೆ 10 ಗುಂಟೆ. ಆ ಚುಕ್ಕಿ ದಶಮಾಂಶವಲ್ಲ, ಎಕರೆಗೆ 40 ಗುಂಟೆ. ಕ್ಯಾಲ್ಕುಲೇಟರಿಗೆ 2.1 ಎಂದು ಒತ್ತಿ 0.4047ರಿಂದ (ಒಂದು ಎಕರೆಗೆ ಇಷ್ಟು ಹೆಕ್ಟೇರ್) ಗುಣಿಸಿದರೆ 0.85 ಹೆಕ್ಟೇರ್ ಬರುತ್ತದೆ. ನಿಜವಾಗಿ ಇರುವುದು 2.25 ಎಕರೆ, ಅಂದರೆ 0.91 ಹೆಕ್ಟೇರ್. ಆರು ಗುಂಟೆ ಕೈಬಿಟ್ಟಂತೆ! ಮೊದಲು ಎಲ್ಲವನ್ನೂ ಗುಂಟೆ ಮಾಡಿಕೊಳ್ಳಿ (90), ಆಮೇಲೆ 101.17ರಿಂದ (ಒಂದು ಗುಂಟೆಗೆ ಇಷ್ಟು ಚದರ ಮೀಟರ್) ಗುಣಿಸಿ. 9,105 ಚದರ ಮೀಟರ್ ಸಿಗುತ್ತದೆ.

ಗುಂಟೆ ಮತ್ತು ‘ಆರ್’ ಹೆಚ್ಚುಕಡಿಮೆ ಒಂದೇ ಅಳತೆ ಎನ್ನುವುದು ದೊಡ್ಡ ಅನುಕೂಲ. 90 ಗುಂಟೆಯನ್ನು 90 ಆರ್ ಎಂದುಕೊಂಡರೆ 0.90 ಹೆಕ್ಟೇರ್, ಬಾಯಿಲೆಕ್ಕಕ್ಕೆ ಸಾಕು. ಕಾಗದಪತ್ರಕ್ಕೆ ಮಾತ್ರ ಬೇಡ. ನೂರು ಎಕರೆ ತೋಟದಲ್ಲಿ ಈ ಅಂದಾಜು ಒಂದು ಎಕರೆಗಿಂತ ಹೆಚ್ಚೇ ನುಂಗುತ್ತದೆ.

ನೀರಿನ ಲೆಕ್ಕದಲ್ಲಿ ಮೆಟ್ರಿಕ್‌ನಷ್ಟು ಸಲೀಸು ಇನ್ನೊಂದಿಲ್ಲ. ಒಂದು ಚದರ ಮೀಟರಿನ ಮೇಲೆ 1 ಮಿ.ಮೀ. ನೀರು ನಿಂತರೆ ಸರಿಯಾಗಿ ಒಂದು ಲೀಟರ್. ಹೆಕ್ಟೇರಿಗೆ 10,000 ಲೀಟರ್. ರೊಬಸ್ಟಾ ಕಾಫಿಯ ಹೂವಿಗೆ ಸ್ಪ್ರಿಂಕ್ಲರಿನಲ್ಲಿ ಒಂದು ಇಂಚು, ಅಂದರೆ ಸುಮಾರು 25 ಮಿ.ಮೀ. ಕೊಡುವುದಾದರೆ ಹೆಕ್ಟೇರಿಗೆ ಎರಡೂವರೆ ಲಕ್ಷ ಲೀಟರ್, ಎಕರೆಗೆ ಸುಮಾರು ಒಂದು ಲಕ್ಷ. ಸೆಕೆಂಡಿಗೆ 10 ಲೀಟರ್ ಎತ್ತುವ ಪಂಪು ಒಂದು ಹೆಕ್ಟೇರಿಗೆ ಏಳು ಗಂಟೆ ಓಡಬೇಕು. ಹೆಕ್ಟೇರಿಗೆ ಸಾವಿರವೇ ಚದರ ಮೀಟರ್ ಎಂದುಕೊಂಡು ಕೆರೆ ತೋಡಿಸಿದವರಿಗೆ ಹತ್ತನೇ ಒಂದು ಪಾಲು ತೋಟಕ್ಕಷ್ಟೇ ನೀರು ಸಾಲುತ್ತದೆ.

ಮೂಡಿಗೆರೆ, ಸಕಲೇಶಪುರದ ಇಳಿಜಾರಿನ ತೋಟಗಳಿಗೆ ಇನ್ನೊಂದು ಮಾತು. ನಕ್ಷೆಯಲ್ಲಿರುವುದು ಮಟ್ಟಸವಾಗಿ ಅಳೆದ ವಿಸ್ತೀರ್ಣ. 20 ಡಿಗ್ರಿ ಇಳಿಜಾರಿದ್ದರೆ ಕಾಲಡಿಯ ನೆಲ ಅದಕ್ಕಿಂತ ಶೇ. 6ರಷ್ಟು ಹೆಚ್ಚು. ಕಳೆ ಹೊಡೆಸುವ ಆಳಿನ ಲೆಕ್ಕಕ್ಕೆ ಇದನ್ನು ಸೇರಿಸಿಕೊಳ್ಳಿ. ಮಳೆ ನೀರಿನ ಲೆಕ್ಕಕ್ಕೆ ಬೇಡ, ಮಳೆ ಬೀಳುವುದು ನಕ್ಷೆಯ ವಿಸ್ತೀರ್ಣಕ್ಕೇ.

ಕೊನೆಗೆ ವೈರು. ಅಂಗಡಿಯಲ್ಲಿ ‘ಎರಡೂವರೆ’ ಎಂದು ಕೇಳುವುದು 2.5 ಚದರ ಮಿಲಿಮೀಟರ್ ತಾಮ್ರ, 2.5 ಮಿ.ಮೀ. ದಪ್ಪವಲ್ಲ. ಒಂದೇ ಎಳೆಯ ತಂತಿಯಾದರೆ ದಪ್ಪ 1.78 ಮಿ.ಮೀ. ಮಾತ್ರ. ಹಲವು ಎಳೆಯದಾದರೆ ಒಂದು ಎಳೆಯ ದಪ್ಪ ಅಳೆದು, ಅದನ್ನು ಅದರಿಂದಲೇ ಗುಣಿಸಿ, 0.785ರಿಂದ ಗುಣಿಸಿ, ಎಳೆಗಳ ಸಂಖ್ಯೆಯಿಂದ ಗುಣಿಸಿ. 0.3 ಮಿ.ಮೀ.ನ 36 ಎಳೆ ಇದ್ದರೆ 2.54, ಸರಿಯಾಗಿದೆ. ಎಳೆ 0.25 ಮಿ.ಮೀ.ಗೆ ಇಳಿದರೆ 1.77 ಅಷ್ಟೆ, ಮೋಟರಿಗೆ ಅದನ್ನು ಹಾಕಬೇಡಿ.