ಪೊರೆ ದರ್ಶನ: ನಾಲ್ಕನೇ ತಿಂಗಳು, ಬೋರ್‌ವೆಲ್ ಕೊಟ್ಟ ಸೂತ್ರ

ಹೊಸದಾಗಿ ಓದುತ್ತಿರುವವರಿಗೆ ಎರಡು ಮಾತು. ಎಲ್ಲೂ ಇಲ್ಲದ ಒಂದು ಪಂಥವನ್ನು ಕಲ್ಪಿಸಿಕೊಂಡು, ಅದರ ಸೂತ್ರ, ವ್ಯಾಖ್ಯಾನ, ಒಳಜಗಳ ಎಲ್ಲವನ್ನೂ ಬರೆಯುತ್ತಿದ್ದೇನೆ. ಇರುವುದೆಲ್ಲ ಪದರ ಪದರವಾಗಿ ಇದೆ ಅನ್ನುವುದು ಅದರ ಮೂಲ ನಂಬಿಕೆ. ಅದಕ್ಕೇ ಪೊರೆ ದರ್ಶನ ಅಂತ ಹೆಸರು.

ಹೋದ ತಿಂಗಳ ಕೊನೆಗೆ ಕೆಲಸ ನಿಂತೇ ಹೋಗಿತ್ತು. 22 ಸೂತ್ರ ಆಗಿದ್ದವು. ಒಂದು ರಾತ್ರಿ ಎಲ್ಲವನ್ನೂ ಒಟ್ಟಿಗೆ ಓದಿದೆ. ನನ್ನದು ಅನ್ನುವಂಥದ್ದು ಏನೂ ಇರಲಿಲ್ಲ. ತೈತ್ತಿರೀಯ ಉಪನಿಷತ್ತಿನಲ್ಲಿ ಅನ್ನದಿಂದಾದ ದೇಹ, ಅಂದರೆ ಅನ್ನಮಯದಿಂದ ಹಿಡಿದು ಆನಂದಮಯದ ತನಕ ಮನುಷ್ಯನ ಪದರಗಳನ್ನು ಒಂದರೊಳಗೆ ಒಂದು ಹೇಳಿದೆ. ಅದ್ವೈತದಲ್ಲಿ ಪ್ರಾತಿಭಾಸಿಕ (ಭ್ರಮೆಯಲ್ಲಿ ಕಾಣುವುದು), ವ್ಯಾವಹಾರಿಕ (ದಿನನಿತ್ಯದ್ದು), ಪಾರಮಾರ್ಥಿಕ (ಕೊನೆಯ ನಿಜ) ಅಂತ ಮೂರು ಸತ್ತೆ, ಅಂದರೆ ಇರುವಿಕೆಯ ಮೂರು ಮಟ್ಟ. ಕತ್ತಲಲ್ಲಿ ಹಾವು ಅಂತ ಕಂಡದ್ದು ಹಗ್ಗ ಅಂತ ಗೊತ್ತಾದ ಮೇಲೆ ಆ ಹಾವು ಉಳಿಯುವುದಿಲ್ಲ. ನಾನು ಅದನ್ನೇ ಹೆಸರು ಬದಲಿಸಿ ಬರೆದಿದ್ದೆ: ಆಳದಲ್ಲಿರುವುದು ನಿಜ, ಮೇಲಿರುವುದನ್ನು ಕಳಚಿ ಹಾಕು. ಪೊರೆ ಅನ್ನುವ ಹೆಸರು ಇಟ್ಟಿದ್ದೂ ಅದಕ್ಕೇ. ಹಾವು ಪೊರೆ ಬಿಡುತ್ತದೆ, ಕಣ್ಣಿನ ಪೊರೆ ತೆಗೆಸುತ್ತೇವೆ.

ಮುಳಬಾಗಿಲಿನಲ್ಲಿ ನನ್ನ ಹಳೆಯ ಕನ್ನಡ ಮೇಷ್ಟ್ರು ಇದ್ದಾರೆ. ಮಾಧ್ವರು, ಶ್ರೀಪಾದರಾಜ ಮಠಕ್ಕೆ ತಪ್ಪದೆ ಹೋಗುವವರು. ಅವರಿಗೆ ಸೂತ್ರಗಳನ್ನು ಓದಿ ಹೇಳಿದೆ. ಪೂರ್ತಿ ಕೇಳಿದರು. ಆಮೇಲೆ, "ಅಲ್ಲಪ್ಪಾ, ದಾಸರ ಪದದಲ್ಲಿ 'ಪೊರೆಯೊ' ಅಂತ ಬರುತ್ತಲ್ಲ, ಅದಕ್ಕೇನು ಅರ್ಥ?" ಅಂದರು. ಕಾಪಾಡು ಅಂತ, ಅಂದೆ. "ಮತ್ತೆ ನಿನ್ನ ಪಂಥದವರು ಪೊರೆಯನ್ನ ಯಾಕೆ ಕಿತ್ತು ಬಿಸಾಕ್ತಾರೆ?" ನನಗೆ ಉತ್ತರ ಹೊಳೆಯಲಿಲ್ಲ. ಜೀವ ಜೀವಕ್ಕೂ, ಜಡ ಜಡಕ್ಕೂ ಭೇದ ನಿಜ ಅನ್ನುವ ಮತ ಅವರದ್ದು. ಮೇಲಿನದೆಲ್ಲ ಸುಳ್ಳು ಅಂದರೆ ಸುಮ್ಮನಿರುವವರಲ್ಲ.

ಉತ್ತರ ಸಿಕ್ಕಿದ್ದು ಅದೇ ವಾರ, ಚಿಕ್ಕಪ್ಪನ ತೋಟದಲ್ಲಿ. ಬೋರ್ ಹಾಕಿಸುತ್ತಿದ್ದರು. ನಮ್ಮ ಕೋಲಾರ ಜಿಲ್ಲೆಯಲ್ಲಿ ಸಾವಿರ ಅಡಿ ದಾಟುವುದು ಈಗ ಮಾಮೂಲಿ, ರಾತ್ರಿಯೆಲ್ಲ ಕೂತಿದ್ದೆವು. ಮೊದಲು ಕೆಂಪು ಮಣ್ಣು ಬಂತು. ಆಮೇಲೆ ಹಳದಿ ಬಣ್ಣದ ಪುಡಿಗಲ್ಲು, ಕೈಯಲ್ಲಿ ಹಿಚುಕಿದರೆ ಹಿಟ್ಟಾಗುವಂಥದ್ದು. ಗಟ್ಟಿ ಬಂಡೆ ತಾಕಿದ ತಕ್ಷಣ ಮಷಿನ್ ನಿಲ್ಲಿಸಿ ಕೇಸಿಂಗ್ ಪೈಪ್ ಇಳಿಸಿದರು. ಯಾಕೆ ಅಂತ ಕೇಳಿದೆ. "ಮೇಲಿನ ಮಣ್ಣು ಹಿಡಿದು ನಿಲ್ಲಿಸಲಿಲ್ಲ ಅಂದ್ರೆ ಕುಸಿದು ತೂತೇ ಮುಚ್ಚಿಹೋಗುತ್ತೆ ಸಾರ್," ಅಂದ ಮಷಿನ್ ಹುಡುಗ. ಆಮೇಲೆ ಬರೀ ಬೂದು ಪುಡಿ. ರಾಡ್ ಮೇಲೆ ರಾಡ್ ಇಳಿಯಿತು, ಚಿಕ್ಕಪ್ಪನ ಮುಖ ಇನ್ನೂ ಇಳಿಯಿತು. 840 ಅಡಿಯ ಹತ್ತಿರ ಪುಡಿ ಒದ್ದೆಯಾಯಿತು, ಹಿಂದೆಯೇ ನೀರು ಚಿಮ್ಮಿತು. ಬಂಡೆಯಲ್ಲಿ ಒಂದು ಬಿರುಕು ಸಿಕ್ಕಿತ್ತು, ಅಷ್ಟೇ. ಅದರ ಮೇಲೂ ಒಣ ಕಲ್ಲು, ಕೆಳಗೂ ಒಣ ಕಲ್ಲು. ಇನ್ನೂ 200 ಅಡಿ ಕೊರೆಸಿದರು, ಒಂದು ಹನಿ ಜಾಸ್ತಿ ಆಗಲಿಲ್ಲ.

ಮನೆಗೆ ಬಂದವನೇ 22ರಲ್ಲಿ 15 ಸೂತ್ರ ಹೊಡೆದು ಹಾಕಿದೆ.

ಈಗ ದರ್ಶನ ಹೀಗಿದೆ. ನಾಲ್ಕು ಪೊರೆ: ಧೂಳು, ಮಣ್ಣು, ಪುಡಿಗಲ್ಲು, ಬಂಡೆ. ಧೂಳು ಅಂದರೆ ಗಳಿಗೆಗೊಂದು ಕಾಣುವುದು. ಮಣ್ಣು ಅಂದರೆ ನಂಟು, ದುಡಿಮೆ, ಬೆಳೆಯುವಂಥದ್ದೆಲ್ಲ. ಪುಡಿಗಲ್ಲು ನೆನಪು ಮತ್ತು ಭಾಷೆ, ಒಂದು ಕಾಲಕ್ಕೆ ಬಂಡೆಯಾಗಿದ್ದು ಈಗ ಸಡಿಲವಾದದ್ದು. ಬಂಡೆ ಯಾರ ಆಸೆಗೂ ಬದಲಾಗದ್ದು. ನಾಲ್ಕೂ ನಿಜ, ಒಂದೇ ಸಮ ನಿಜ. ಸತ್ಯಕ್ಕೆ ಈ ಪಂಥದವರು ಸೆಲೆ ಅನ್ನುತ್ತಾರೆ. ಅದು ಪೊರೆಗಳ ಬಿರುಕಿನಲ್ಲಿ ಹರಿಯುತ್ತದೆ, ಯಾವ ಪೊರೆಯಲ್ಲಾದರೂ ಸಿಗಬಹುದು. ಹೊಸದಾಗಿ ಬರೆದವುಗಳಲ್ಲಿ ಒಂಬತ್ತನೇ ಸೂತ್ರ ನನಗೆ ತುಂಬ ಇಷ್ಟವಾದದ್ದು: "ಮಣ್ಣನ್ನು ಪೊರೆಯದವನ ಬಾವಿ ಮುಚ್ಚಿತು." ಹೆಂಡತಿ ಮಕ್ಕಳನ್ನು ಬಿಟ್ಟು ಬಂದವನಿಗೆ ಈ ಪಂಥದಲ್ಲಿ ದೀಕ್ಷೆ ಇಲ್ಲ. ಆ ನಿಯಮ ಹುಟ್ಟಿದ್ದು ಈ ಸೂತ್ರದಿಂದಲೇ.

ವಿರೋಧಿ ಬಣವೂ ತಯಾರಾಗಿದೆ, ಆಳದವರು ಅಂತ. ನಾನು ಹೊಡೆದು ಹಾಕಿದ ಹಳೆಯ ಸೂತ್ರಗಳನ್ನೆಲ್ಲ ಅವರಿಗೆ ಕೊಟ್ಟೆ. ಕೊನೆಯ ತನಕ ಇಳಿ ಅನ್ನುವುದೇ ಅವರ ವಾದ. ಅವರಿಗೆ ಉತ್ತರ ಬರೆಯುವಾಗ ನೆನಪಾದದ್ದು ಕೆಜಿಎಫ್, ನಮ್ಮ ಕೋಲಾರದ ಚಿನ್ನದ ಗಣಿ. 2001ರಲ್ಲಿ ಮುಚ್ಚುವ ಹೊತ್ತಿಗೆ ಆ ಗಣಿ 3 ಕಿಲೋಮೀಟರಿಗೂ ಹೆಚ್ಚು ಆಳ ಇಳಿದಿತ್ತು. ಅಷ್ಟು ಆಳದಲ್ಲಿ ಕಲ್ಲೇ ಸುಡುತ್ತದೆ. ಮೇಲಿನಿಂದ ತಂಪು ಗಾಳಿ ಕಳಿಸಿದರೆ ಮಾತ್ರ ಅಲ್ಲಿ ಮನುಷ್ಯ ಕೆಲಸ ಮಾಡಬಲ್ಲ. ಆಳಕ್ಕೆ ಉಸಿರು ಮೇಲಿನಿಂದಲೇ ಹೋಗಬೇಕು, ಅಲ್ವಾ?

ಒಂದು ಕಡೆ ಇನ್ನೂ ಸಿಕ್ಕಿಕೊಂಡಿದ್ದೇನೆ. ಕೋಲಾರದ ಅಂತರಗಂಗೆ ಬೆಟ್ಟದಲ್ಲಿ ಕಲ್ಲಿನ ಬಸವನ ಬಾಯಿಂದ ನೀರು ಬೀಳುತ್ತದೆ. ಯಾರೂ ಕೊರೆದದ್ದಲ್ಲ, ತಾನೇ ಬರುವ ನೀರು. ಹುಡುಕದೆ ಸಿಗುವ ಸೆಲೆಗೆ ನನ್ನ ಸೂತ್ರಗಳಲ್ಲಿ ಜಾಗವೇ ಇಲ್ಲ. ಕೊರೆಯುವವನಿಗೂ ಬೊಗಸೆ ಒಡ್ಡುವವನಿಗೂ ಒಂದೇ ನೀರು ಸಿಗುವುದಾದರೆ ಸಾಧನೆ ಯಾಕೆ ಬೇಕು? ಎರಡು ಕರಡು ಬರೆದೆ, ಎರಡೂ ಸರಿ ಕಾಣಲಿಲ್ಲ. ಭಾನುವಾರ ಎರಡನ್ನೂ ಮೇಷ್ಟ್ರ ಮುಂದೆ ಇಡುತ್ತೇನೆ.