ಗುಟ್ಟು ಕಾಯುವ ಗೆಳೆಯ

‘ರಾಮ ಶಾಮ ಭಾಮ’ ನೋಡೋಣ ಅಂತ ಹಟ ಹಿಡಿದವಳು ಮೌಶಿಯೇ. ಕಮಲ್ ಹಾಸನ್ ನಮ್ಮ ಹುಬ್ಬಳ್ಳಿ ಮಾತು ಆಡ್ತಾನಂತೆ ಅಂತ ಯಾರೋ ಹೇಳಿದ್ದರು. ಸಿನಿಮಾ ಬಂದಿದ್ದು 2005ರ ಕೊನೆಗೆ. ಮೌಶಿಯ ಗಂಡ, ನಮ್ಮ ಕಾಕಾ, ಇನ್ನೊಬ್ಬಳ ಜೊತೆ ಹೋಗಿ ಆಗಲೇ ಎರಡು ವರ್ಷ ಆಗಿತ್ತು. ಕಥೆ ಏನು ಅಂತ ನನಗೆ ಗೊತ್ತಿರಲಿಲ್ಲ. ಗೊತ್ತಿದ್ದರೆ ಬೇಡ ಅಂತಿದ್ದೆ.

ರಮೇಶ್ ಅರವಿಂದ್ ಮೊದಲ ಸಲ ನಿರ್ದೇಶನ ಮಾಡಿದ್ದ ಚಿತ್ರ ಅದು. ಅವರೇ ಗಂಡ, ಶ್ರುತಿ ಹೆಂಡತಿ. ಗಂಡನ ಮನಸ್ಸು ಡೈಸಿ ಬೋಪಣ್ಣ ಮೇಲೆ. ಆ ಗುಟ್ಟು ಕಾಯೋ ಗೆಳೆಯ ಕಮಲ್. ಪರದೆ ಮೇಲೆ ಮೊದಲ ದೃಶ್ಯಗಳು ಓಡುತ್ತಿದ್ದಂತೆ ನನ್ನ ಕೈ ತಣ್ಣಗಾಯಿತು. ಎದ್ದು ಹೋಗೋಣವಾ ಅಂತ ಪಕ್ಕಕ್ಕೆ ತಿರುಗಿದೆ. ಮೌಶಿ ಸೆರಗು ಬಾಯಿಗೆ ಒತ್ತಿಕೊಂಡು ನಗುತ್ತಿದ್ದಳು. “ಅಯ್ಯ, ಅವಾ ನಮ್ಮಂಗನ ಮಾತಾಡಾಕತ್ತಾನಲ್ಲ!”

ಕಮಲ್ ಮತ್ತು ಊರ್ವಶಿ ಒಟ್ಟಿಗೆ ಬಂದಾಗಲೆಲ್ಲ ಟಾಕೀಸು ನಗುತ್ತಿತ್ತು. ನಾನೂ ನಕ್ಕೆ. ಮಧ್ಯಂತರ ಆದ ಮೇಲೆ ಮೌಶಿಯ ನಗು ಕಮ್ಮಿಯಾಯಿತು.

ಹೊರಗೆ ಬಂದು ಗಿರಮಿಟ್ ತಿನ್ನುವಾಗ ಅಂದಳು: “ಸಿನಿಮಾದಾಗ ಗೆಳ್ಯಾ ಒಬ್ಬಗ ಗೊತ್ತಿತ್ತು. ನಮ್ಮ ಕಡೆ ಓಣಿಗೆ ಓಣೀನ ಗೊತ್ತಿತ್ತು. ನನಗೊಬ್ಬಾಕಿಗೆ ಗೊತ್ತಿರಲಿಲ್ಲ.”

ನಾನು ಬಾಯಿ ಬಿಡಲಿಲ್ಲ. ಆ ಓಣಿಯವರಲ್ಲಿ ನಾನೂ ಒಬ್ಬಳು.

ಪಿಯುಸಿ ಓದುವಾಗ ಕಾಕಾನನ್ನು ಬಸ್‌ಸ್ಟ್ಯಾಂಡಿನಲ್ಲಿ ನೋಡಿದ್ದೆ. ಪಕ್ಕದಲ್ಲಿ ಆಕೆ. ಕಾಕಾ ಕಿತ್ತಳೆ ಹಣ್ಣು ಸುಲಿದು, ನಾರು ತೆಗೆದು, ಒಂದೊಂದೇ ತೊಳೆ ಆಕೆಯ ಅಂಗೈಯಲ್ಲಿ ಇಡುತ್ತಿದ್ದ. ಮನೆಯಲ್ಲಿ ಉಂಡ ತಾಟನ್ನೂ ಎತ್ತಿದವನಲ್ಲ. ನನ್ನನ್ನು ನೋಡಿ ಎದ್ದು ಬಂದ. “ಮನ್ಯಾಗ ಹೇಳಬ್ಯಾಡವಾ” ಅಂದ. ಹೇಳಲಿಲ್ಲ. ಹೇಳಿದರೆ ಮೌಶಿಯ ಸಂಸಾರ ನನ್ನಿಂದಲೇ ಒಡೆಯುತ್ತೆ ಅಂತ ಹೆದರಿದ್ದೆ.

ಇದಾಗಿ ಬಹಳ ವರ್ಷದ ಮೇಲೆ ಬೆಂಗಳೂರಿನ ನಮ್ಮ ಮನೆಯಲ್ಲಿ ಟಿವಿಯಲ್ಲಿ ‘ರಾಮ ಶಾಮ ಭಾಮ’ದ ಮೂಲ ಚಿತ್ರ ಬಂತು. ಬಾಲು ಮಹೇಂದ್ರ ಅವರ ತಮಿಳು ‘ಸತಿ ಲೀಲಾವತಿ’, 1995ರದ್ದು. ಅದರಲ್ಲೂ ಗಂಡ ರಮೇಶ್ ಅರವಿಂದ್, ಗೆಳೆಯ ಕಮಲ್. ಹೆಂಡತಿ ಪಾತ್ರದಲ್ಲಿ ಊರ್ವಶಿಯ ಅಕ್ಕ ಕಲ್ಪನಾ. ಹೆಂಡತಿ ದಪ್ಪ ಇದ್ದಾಳೆ ಅಂತ ಗಂಡನಿಗೆ ನಾಚಿಕೆ. ಕಮಲ್ ಮತ್ತು ಕೋವೈ ಸರಳಾ ಕೊಯಮತ್ತೂರು ಕಡೆಯ ಮಾತಾಡಿ ನಗಿಸುತ್ತಾರೆ. ಚೆನ್ನಾಗಿ ನಗಿಸುತ್ತಾರೆ, ಸುಳ್ಳು ಹೇಳಲ್ಲ. ಆದರೆ ನನಗೆ ಕಲ್ಪನಾ ಮುಖ ಬಿಟ್ಟು ಬೇರೆ ಏನೂ ಕಾಣಲಿಲ್ಲ. ನಂಬಿಕೊಂಡು ಕೂತವಳ ಮುಖ. ಇಂಥ ಕಥೆಗಳಲ್ಲಿ ನಗು ಜಾಸ್ತಿ ಹುಟ್ಟೋದು ಅವಳೊಬ್ಬಳಿಗೆ ಗೊತ್ತಿಲ್ಲ ಅನ್ನೋದರಿಂದಲೇ, ಅಲ್ವಾ?

ಮೌಶಿ ನೆಲದ ಮೇಲೆ ಕೂತು ಅವರೆಕಾಯಿ ಸುಲಿಯುತ್ತಿದ್ದಳು. ಟಿವಿ ಸದ್ದು ಕಮ್ಮಿ ಮಾಡಿ, ಪಕ್ಕದಲ್ಲಿ ಕೂತು, ಬಸ್‌ಸ್ಟ್ಯಾಂಡಿನದ್ದು ಎಲ್ಲ ಹೇಳಿಬಿಟ್ಟೆ. ಕಿತ್ತಳೆ ಹಣ್ಣಿನದ್ದೂ ಹೇಳಿದೆ. ಬೈತಾಳೆ ಅಂದುಕೊಂಡಿದ್ದೆ, ಅಳ್ತಾಳೆ ಅಂದುಕೊಂಡಿದ್ದೆ.

ಅವಳ ಕೈ ನಿಂತಿತು. ಅರ್ಧ ಸುಲಿದ ಕಾಯಿಯನ್ನು ಮೊರದಲ್ಲಿಟ್ಟಳು.

“ಆಕಿ ಯಾವ ಬಣ್ಣದ ಸೀರಿ ಉಟ್ಟಿದ್ಲು?”

“ಹಸಿರು” ಅಂದೆ.

“ಹೂಂ” ಅಂದಳು. ಸ್ವಲ್ಪ ಹೊತ್ತು ಬಿಟ್ಟು ಅವರೆಕಾಯಿಯ ಒಂದು ರಾಶಿಯನ್ನು ನನ್ನ ಕಡೆ ಸರಿಸಿದಳು.